ತೆರೆಯ ಮರೆಯ ಕಲೆಗಾರ್ತಿ

ಚಲನಚಿತ್ರವನ್ನು ನೋಡಿ ಹೊರಬಂದ ಪ್ರೇಕ್ಷಕರು ನಟನಟಿಯರ ಅಭಿನಯವನ್ನು ಕೊಂಡಾಡುತ್ತಾರೆ, ಹಾಡುಗಳನ್ನು ಗುನುಗುತ್ತಾರೆ. ಸಂಕಲನಕಾರರನ್ನು ನೆನೆಯುವವರು ಮಾತ್ರ ವಿರಳ. ಸಂಕಲನವು ಎಷ್ಟು ಚೆನ್ನಾಗಿರುತ್ತದೆಯೋ ಅಷ್ಟರಮಟ್ಟಿಗೆ ಅದು ಕಣ್ಣಿಗೆ ಬೀಳದೆ ಹೋಗುವುದೇ ಇದಕ್ಕೆ ಕಾರಣ.

ಸಂಕಲನವೆಂದರೇನು? ಚಿತ್ರದ ದೃಶ್ಯಗಳನ್ನು ಕಥೆಯ ಕ್ರಮದಲ್ಲಿಯೇ ಚಿತ್ರೀಕರಿಸುವುದು ಅಪರೂಪ. ಒಂದೇ ದೃಶ್ಯವನ್ನು ಹಲವು ಸಲ, ಹಲವು ಕೋನಗಳಿಂದ ಸೆರೆಹಿಡಿಯುತ್ತಾರೆ. ಹೀಗೆ ರಾಶಿಬಿದ್ದ ತುಣುಕುಗಳಲ್ಲಿ ತಕ್ಕುದನ್ನು ಆಯ್ದು, ಉಳಿದುದನ್ನು ಬಿಟ್ಟು, ಕಥೆಗೆ ಓಟವನ್ನೂ ಲಯವನ್ನೂ ಕೊಡುವುದೇ ಸಂಕಲನ. ತೆರೆಯ ಮೇಲೆ ಸೆಕೆಂಡಿಗೆ 24 ಬಿಡಿಚಿತ್ರಗಳು ಓಡುತ್ತವೆ. ಕೆಲವೇ ಬಿಡಿಚಿತ್ರಗಳು ಹೆಚ್ಚು ಕಡಿಮೆಯಾದರೂ ನಗೆ ಸಪ್ಪೆಯಾಗಬಹುದು, ದುಃಖ ತೆಳುವಾಗಬಹುದು. ಫಿಲ್ಮಿನ ಕಾಲದಲ್ಲಿ ಈ ಸುರುಳಿಗಳನ್ನು ಕೈಯಿಂದಲೇ ಕತ್ತರಿಸಿ ಅಂಟಿಸಬೇಕಾಗಿತ್ತು.

ಈ ಕಲೆಯಲ್ಲಿ ಹೆಸರಾದವರು ರೇಣು ಸಲೂಜಾ. 1952ರಲ್ಲಿ ಜನಿಸಿದ ಅವರು ಪುಣೆಯ ಚಲನಚಿತ್ರ ಮತ್ತು ದೂರದರ್ಶನ ಸಂಸ್ಥೆಯಲ್ಲಿ ನಿರ್ದೇಶನವನ್ನು ಕಲಿಯಬಯಸಿದ್ದರು. ಆ ವಿಭಾಗದಲ್ಲಿ ಸ್ಥಾನ ದೊರೆಯಲಿಲ್ಲ. ಅವರು ಎದೆಗುಂದದೆ ಸಂಕಲನವನ್ನು ಆಯ್ದುಕೊಂಡು 1976ರಲ್ಲಿ ಶಿಕ್ಷಣವನ್ನು ಮುಗಿಸಿದರು. ಹಿಂದಿ ಚಿತ್ರರಂಗದ ತಾಂತ್ರಿಕ ವಿಭಾಗಗಳಲ್ಲಿ ಆಗ ಮಹಿಳೆಯರು ಬೆರಳೆಣಿಕೆಯಷ್ಟು ಮಾತ್ರ.

ಒಬ್ಬ ನಿರ್ದೇಶಕರಿಗಾಗಲಿ ಒಂದು ಬಗೆಯ ಚಿತ್ರಕ್ಕಾಗಲಿ ಕಟ್ಟುಬೀಳದೆ ಅವರು ಸ್ವತಂತ್ರವಾಗಿ ದುಡಿದರು. ಇಂಥ ವೃತ್ತಿಯಲ್ಲಿ ತಿಂಗಳ ಸಂಬಳದ ಆಸರೆಯಿಲ್ಲ. ಪ್ರತಿಯೊಂದು ಚಿತ್ರವೂ ಹೊಸ ಪರೀಕ್ಷೆ. 1983ರಲ್ಲಿ ಅವರು ಸಂಕಲಿಸಿದ ಎರಡು ಚಿತ್ರಗಳನ್ನು ನೋಡಿ. ‘ಜಾನೇ ಭೀ ದೋ ಯಾರೋ’ ವಿಡಂಬನೆ. ಮಹಾಭಾರತ ನಾಟಕದ ರಂಗಕ್ಕೆ ನುಗ್ಗಿದವರ ಗೊಂದಲವು ಅಲ್ಲಿ ನಗೆಯ ಹೊನಲಾಗುತ್ತದೆ. ‘ಅರ್ಧ ಸತ್ಯ’ವಾದರೋ ಪೋಲೀಸ್ ಅಧಿಕಾರಿಯೊಬ್ಬನ ಅಂತರಂಗದ ಬೇಗುದಿ. ನಗೆಗೂ ನೋವಿಗೂ ತಕ್ಕ ಲಯವನ್ನು ಕಂಡುಕೊಂಡದ್ದು ಒಂದೇ ಕೈ.

ಬೆವರು ಸುರಿಸಿ ತೆಗೆದ ದೃಶ್ಯವನ್ನು ಬಿಟ್ಟುಕೊಡಲು ನಿರ್ದೇಶಕರಿಗೆ ಮನಸ್ಸು ಬಾರದು. ಚಿತ್ರದ ಹಿತಕ್ಕಾಗಿ ‘ಇದು ಬೇಡ’ ಎನ್ನುವ ಧೈರ್ಯವೂ, ಅದನ್ನು ಒಪ್ಪಿಸುವ ತಾಳ್ಮೆಯೂ ಸಂಕಲನಕಾರರಿಗೆ ಬೇಕು. ‘ಪರಿಂದಾ’, ‘ಧಾರಾವಿ’, ‘ಸರ್ದಾರ್’, ‘ಗಾಡ್‌ಮದರ್’ ಎಂಬ ನಾಲ್ಕು ಚಿತ್ರಗಳ ಸಂಕಲನಕ್ಕಾಗಿ ರೇಣು ಅವರಿಗೆ ರಾಷ್ಟ್ರಪ್ರಶಸ್ತಿ ಲಭಿಸಿತು. ಕೀರ್ತಿ ಬಂದಮೇಲೂ ಅವರು ಸಣ್ಣ ಚಿತ್ರಗಳನ್ನು ಕಡೆಗಣಿಸಲಿಲ್ಲ. ಹೊಸ ನಿರ್ದೇಶಕರೊಬ್ಬರು ಅಲ್ಪ ವೆಚ್ಚದಲ್ಲಿ ತಯಾರಿಸಿದ ‘ಹೈದರಾಬಾದ್ ಬ್ಲೂಸ್’ 1998ರಲ್ಲಿ ಅವರ ಸಂಕಲನದಲ್ಲಿಯೇ ತೆರೆಕಂಡಿತು.

2000ದ ಆಗಸ್ಟಿನಲ್ಲಿ, ತಮ್ಮ 48ನೆಯ ವಯಸ್ಸಿನಲ್ಲಿ, ಅವರು ನಿಧನರಾದರು. ಇಂದು ಕತ್ತರಿಯ ಸ್ಥಾನಕ್ಕೆ ಗಣಕಯಂತ್ರ ಬಂದಿದೆ. ಆದರೆ ಯಾವುದನ್ನು ಉಳಿಸಬೇಕು, ಯಾವುದನ್ನು ಬಿಡಬೇಕು ಎಂಬ ವಿವೇಕವನ್ನು ಸಂಕಲನಕಾರರು ಇಂದಿಗೂ ದುಡಿದೇ ಗಳಿಸಬೇಕು.