ಗಡುವು ಮೀರಿದ ಮೇಲ್ಮನವಿ: ರೈಲ್ವೆ ಪರಿಹಾರವೂ ವಿಳಂಬದ ಮನ್ನಾವೂ

ಓಡುತ್ತಿರುವ ಗಾಡಿಯಿಂದ ಬಿದ್ದು ಮಡಿದ ಪ್ರಯಾಣಿಕನ ಮನೆಮಂದಿ, ಶೋಕದ ಭಾರವನ್ನು ಹೊತ್ತುಕೊಂಡೇ ರೈಲ್ವೆ ಕ್ಲೇಮ್ಸ್ ಟ್ರಿಬ್ಯೂನಲ್ಲಿನ ಮೆಟ್ಟಿಲನ್ನೇರಿ, ಅರ್ಜಿ ವಜಾ ಆಯಿತೆಂಬ ವಾರ್ತೆಯನ್ನು ಕೇಳಿದೊಡನೆ ಇನ್ನು ಗತಿಯಿಲ್ಲವೆಂದು ಬಗೆದು ಕೈಚೆಲ್ಲುವುದುಂಟು. ಗತಿಯಿದೆ, ಆದರೆ ಅದಕ್ಕೊಂದು ಗಡುವೂ ಇದೆ.

1989ರ ರೈಲ್ವೆ ಅಧಿನಿಯಮದ 124ಎ ಪ್ರಕರಣವು, ಆತ್ಮಹತ್ಯೆ, ಮದ್ಯದ ಅಮಲು ಮೊದಲಾದ ಕೆಲವು ಅಪವಾದಗಳನ್ನುಳಿದು, ಇಂತಹ ಅವಘಡಗಳಲ್ಲಿ ರೈಲ್ವೆಯ ತಪ್ಪನ್ನು ರುಜುವಾತುಪಡಿಸಬೇಕೆಂಬ ನಿರ್ಬಂಧವಿಲ್ಲದೆಯೇ ಪರಿಹಾರವನ್ನು ವಿಧಿಸುತ್ತದೆ. 2017ರ ಜನವರಿ 1ರಿಂದ ಮರಣಕ್ಕೆ ಗೊತ್ತಾದ ಮೊತ್ತ 8 ಲಕ್ಷ ರೂಪಾಯಿ. ಮೃತನ ಬಳಿ ಟಿಕೆಟ್ ದೊರೆಯಲಿಲ್ಲವೆಂಬುದೊಂದರಿಂದಲೇ ಅವನು ನೈಜ ಪ್ರಯಾಣಿಕನಲ್ಲವೆನ್ನಲಾಗದೆಂದು ಸುಪ್ರೀಂ ಕೋರ್ಟು 2018ರಲ್ಲಿ ಸ್ಪಷ್ಟಪಡಿಸಿರುವುದರಿಂದ, ಆ ಕಾರಣಕ್ಕಾಗಿಯೇ ಬಿದ್ದುಹೋದ ಅರ್ಜಿಗೆ ಮೇಲ್ಮನವಿಯಲ್ಲಿ ಮರುಜೀವ ಬರುವ ಸಂಭವವುಂಟು.

1987ರ ರೈಲ್ವೆ ಕ್ಲೇಮ್ಸ್ ಟ್ರಿಬ್ಯೂನಲ್ ಅಧಿನಿಯಮದ 23ನೆಯ ಪ್ರಕರಣದಂತೆ, ಉಭಯ ಪಕ್ಷಗಳ ಸಮ್ಮತಿಯಿಂದ ಆದ ಆದೇಶವನ್ನೂ ಮಧ್ಯಂತರ ಆದೇಶವನ್ನೂ ಬಿಟ್ಟು, ಮಿಕ್ಕ ಆದೇಶಗಳ ಮೇಲೆ ಅವುಗಳ ದಿನಾಂಕದಿಂದ 90 ದಿನಗಳೊಳಗೆ ಹೈಕೋರ್ಟಿಗೆ ಮೇಲ್ಮನವಿ ಸಲ್ಲಿಸಬೇಕು. ಬೆಂಗಳೂರು ಪೀಠದ ಆದೇಶವಾದರೆ ಕರ್ನಾಟಕ ಹೈಕೋರ್ಟಿಗೆ. ದೃಢೀಕೃತ ನಕಲನ್ನು ಪಡೆಯಲು ಅವಶ್ಯವಾಗಿ ತಗಲಿದ ಕಾಲವು ಲೆಕ್ಕಕ್ಕೆ ಬಾರದು. ನಕಲಿಗೆ ಅರ್ಜಿ ಹಾಕದೆ ಕಳೆದ ದಿನಗಳಿಗೆ ಆ ರಿಯಾಯಿತಿ ಇಲ್ಲ.

ಗಡುವು ಮೀರಿದರೇನು ಗತಿ? ಟ್ರಿಬ್ಯೂನಲ್ಲಿಗೆ ತಡವಾಗಿ ಬಂದ ಮೂಲ ಅರ್ಜಿಯನ್ನು ಸಕಾರಣವಿದ್ದರೆ ಸ್ವೀಕರಿಸಬಹುದೆಂದು 17ನೆಯ ಪ್ರಕರಣವೇ ಹೇಳುತ್ತದೆ. ಮೇಲ್ಮನವಿಯ 23ನೆಯ ಪ್ರಕರಣವಾದರೋ ಈ ವಿಷಯದಲ್ಲಿ ಮೌನವಾಗಿದೆ. ಅಲ್ಲಿ ನೆರವಿಗೆ ಬರುವುದು 1963ರ ಕಾಲಪರಿಮಿತಿ ಅಧಿನಿಯಮದ 5ನೆಯ ಪ್ರಕರಣ. ಮೇಲ್ಮನವಿಯ ಜೊತೆಗೆ ವಿಳಂಬ ಮನ್ನಾ ಕೋರುವ ಅರ್ಜಿಯನ್ನೂ ಅದನ್ನು ಸಮರ್ಥಿಸುವ ಪ್ರಮಾಣಪತ್ರವನ್ನೂ ಸಲ್ಲಿಸಿ, ಗಡುವಿನೊಳಗೆ ಬಾರದಿದ್ದುದಕ್ಕೆ ಸಾಕಷ್ಟು ಕಾರಣವಿತ್ತೆಂದು ತೋರಿಸಬೇಕು. ಕಾರಣವನ್ನು ಉದಾರದೃಷ್ಟಿಯಿಂದ ನೋಡಬೇಕೆಂದು ಸುಪ್ರೀಂ ಕೋರ್ಟು 1987ರಲ್ಲಿ ಹೇಳಿತಾದರೂ, ಔದಾರ್ಯವು ಸತ್ಯಕ್ಕೆ ಸಲ್ಲುವುದೇ ಹೊರತು ಸಬೂಬಿಗಲ್ಲ. ರೋಗದಿಂದ ಹಾಸಿಗೆ ಹಿಡಿದಿದ್ದರೆ ಆಸ್ಪತ್ರೆಯ ಚೀಟಿ, ನಕಲು ತಡವಾಗಿದ್ದರೆ ಅದರ ಮೇಲಿನ ದಿನಾಂಕಗಳು, ಹಣಕ್ಕಾಗಿ ಅಲೆದಿದ್ದರೆ ಅದಕ್ಕೊಂದು ಸಾಕ್ಷ್ಯ, ಹೀಗೆ ಕಾರಣಕ್ಕೆಲ್ಲ ಕಾಗದದ ಬೆಂಬಲವಿರಲಿ. ‘ಮನೆಯ ತೊಂದರೆಯಿಂದ’ ಎಂಬ ಸವೆದ ಮಾತು ಯಾವ ನ್ಯಾಯಾಧೀಶರನ್ನೂ ಒಲಿಸಲಾರದು. ಮನ್ನಾ ದೊರೆತರೂ, ವಿಳಂಬದ ಅವಧಿಗೆ ಬಡ್ಡಿಯನ್ನು ನಿರಾಕರಿಸುವ ಷರತ್ತು ಬರಬಹುದು. ರೈಲ್ವೆಯೇ ತಡವಾಗಿ ಮೇಲ್ಮನವಿ ಹೂಡಿದರೆ, ನೀವೂ ಅದನ್ನು ಪ್ರಶ್ನಿಸಬಹುದು. ಕಡತವು ಮೇಜಿನಿಂದ ಮೇಜಿಗೆ ತೆವಳಿತೆಂಬುದೇ ಸರ್ಕಾರಕ್ಕೆ ವಿಶೇಷ ರಕ್ಷೆಯಲ್ಲವೆಂದು 2012ರಲ್ಲಿ ಅದೇ ಸುಪ್ರೀಂ ಕೋರ್ಟು ಹೇಳಿದೆ.

ವಕೀಲರ ಶುಲ್ಕಕ್ಕೆ ಅಂಜಬೇಡಿರಿ: ಸ್ತ್ರೀಯರಿಗೂ ಮಕ್ಕಳಿಗೂ ಪರಿಶಿಷ್ಟ ಜಾತಿ, ಪಂಗಡದವರಿಗೂ ಆದಾಯದ ಮಿತಿಯಿಲ್ಲದೆ ಹೈಕೋರ್ಟು ಕಾನೂನು ಸೇವಾ ಸಮಿತಿಯಿಂದ ಉಚಿತ ನೆರವು ಸಿಗುತ್ತದೆ. ಆದೇಶ ನಿಮ್ಮ ಕಿವಿಗೆ ಬಿದ್ದ ದಿನವೇ ಅದರ ನಕಲಿಗೆ ಅರ್ಜಿ ಹಾಕಿರಿ.