ಹಾಡಿನ ಫಲ ಯಾರದು? ಕೊರಿಯಾದ ಗೀತಹಕ್ಕು ವ್ಯಾಪಾರದ ಒಂದು ಅಧ್ಯಯನ

ಕೊರಿಯಾದ ಸಂಗೀತವೆಂದೊಡನೆ ಇಂದಿನ ವಿದ್ಯಾರ್ಥಿಗಳಿಗೆ ನೆನಪಾಗುವುದು ಬಿಟಿಎಸ್‌ನಂತಹ ಯುವತಂಡಗಳು, ಅವುಗಳ ಕುಣಿತ, ಬೆಳಕು, ಕೋಟಿಗಟ್ಟಲೆ ಅಭಿಮಾನಿಗಳು. ಈ ಸಡಗರದ ಹಿಂದೆ ಸದ್ದಿಲ್ಲದೆ ನಡೆಯುವ ಮತ್ತೊಂದು ವ್ಯವಹಾರವಿದೆ. ಸೋಲ್ ನಗರದಲ್ಲಿ 2021ರಲ್ಲಿ ಆರಂಭವಾದ ಬಿಯಾಂಡ್ ಮ್ಯೂಸಿಕ್ ಎಂಬ ಸಂಸ್ಥೆ ಗಾಯಕರನ್ನು ತರಬೇತುಗೊಳಿಸಿ ರಂಗಕ್ಕೆ ತರುವುದನ್ನು ತನ್ನ ಮುಖ್ಯ ಕಸುಬಾಗಿ ಮಾಡಿಕೊಳ್ಳಲಿಲ್ಲ. ಈಗಾಗಲೇ ಹಾಡಲ್ಪಟ್ಟು, ಕೇಳಲ್ಪಟ್ಟು, ಜನರ ನೆನಪಿನಲ್ಲಿ ನೆಲೆಸಿರುವ ಹಾಡುಗಳ ಹಕ್ಕುಗಳನ್ನು ಕೊಂಡು ನಿರ್ವಹಿಸುವುದು ಅದರ ಉದ್ಯೋಗ. ಪ್ರ್ಯಾಕ್ಸಿಸ್ ಕ್ಯಾಪಿಟಲ್ ಎಂಬ ಹೂಡಿಕೆ ಸಂಸ್ಥೆಯ ಬಂಡವಾಳದ ಬೆಂಬಲದಿಂದ ಅದು ಕೆಲವೇ ವರ್ಷಗಳಲ್ಲಿ 25,000ಕ್ಕೂ ಹೆಚ್ಚು ಹಾಡುಗಳ ಹಕ್ಕುಗಳನ್ನು ಸೇರಿಸಿಕೊಂಡಿತು. ಇಂತಹ ಹಾಡುಗಳ ಕಟ್ಟಿಗೆ ಆ ವ್ಯಾಪಾರದ ಭಾಷೆಯಲ್ಲಿ ಕ್ಯಾಟಲಾಗ್ ಎನ್ನುತ್ತಾರೆ.

ಕನ್ನಡ ಐಚ್ಛಿಕ ವಿದ್ಯಾರ್ಥಿಗಳಿಗೆ ಇದರಿಂದ ಏನಾಗಬೇಕು ಎಂಬ ಪ್ರಶ್ನೆ ಸಹಜ. ಹಾಡಿನ ಪದಗಳಿಗೆ ಕನ್ನಡದಲ್ಲಿ ಇಂದಿಗೂ ‘ಸಾಹಿತ್ಯ’ ಎಂದೇ ಹೆಸರು. ಸಂಗೀತ ಯಾರದು, ಸಾಹಿತ್ಯ ಯಾರದು ಎಂದು ಜನ ಬೇರೆ ಬೇರೆಯಾಗಿ ಕೇಳುತ್ತಾರೆ. ಹಾಡು ಮಾರಾಟವಾದಾಗ ಆ ಸಾಹಿತ್ಯದಲ್ಲಿ ಕವಿಗೆ ಏನು ಉಳಿಯುತ್ತದೆ ಎಂಬುದು ಸಾಹಿತ್ಯದ ವಿದ್ಯಾರ್ಥಿ ಕೇಳಲೇಬೇಕಾದ ಪ್ರಶ್ನೆ. ಅದಕ್ಕೆ ಕೊರಿಯಾದ ಉದಾಹರಣೆ ಚೆನ್ನಾಗಿ ಒದಗುತ್ತದೆ, ಏಕೆಂದರೆ ಅಲ್ಲಿ ಪ್ರತಿಯೊಬ್ಬರ ಪಾಲು ಅಂಕಿಗಳಲ್ಲಿ ಸ್ಪಷ್ಟವಾಗಿ ಕಾಣುತ್ತದೆ.

ಮೊದಲು ಮಾತುಗಳನ್ನೇ ನೋಡಬಹುದು. ಇಂಗ್ಲಿಷಿನ ಕಾಪಿರೈಟ್ ಎಂಬ ಪದದ ಒತ್ತು ಪ್ರತಿ ತೆಗೆಯುವ ಕ್ರಿಯೆಯ ಮೇಲಿದೆ. ಕೊರಿಯನ್ನರು ಬಳಸುವ ‘ಜೊಜಾಕ್‌ಗ್ವೊನ್’ ಎಂಬ ಪದದ ಒತ್ತು ರಚಿಸುವುದರ ಮೇಲಿದೆ. ‘ಜೊಜಾಕ್’ ಎಂದರೆ ರಚನೆ, ‘ಗ್ವೊನ್’ ಎಂದರೆ ಹಕ್ಕು. ಕನ್ನಡದ ‘ಕೃತಿಸ್ವಾಮ್ಯ’ದ ಭಾರವೆಲ್ಲ ಕೃತಿಯ ಮೇಲೆ, ಅದರ ಒಡೆತನದ ಮೇಲೆ ಬೀಳುತ್ತದೆ. ಪ್ರತಿ, ರಚನೆ, ಕೃತಿ: ಮೂರು ಭಾಷೆಗಳು ಒಂದೇ ಸಂಗತಿಯನ್ನು ಮೂರು ಕಡೆಯಿಂದ ಹಿಡಿದಿವೆ. ಕೊರಿಯನ್ನಿನಲ್ಲಿ ಇನ್ನೊಂದು ಪದವೂ ಇದೆ: ‘ಜೊಜಾಕ್ ಇನ್‌ಜೊಪ್‌ಗ್ವೊನ್’. ‘ಇನ್‌ಜೊಪ್’ ಎಂದರೆ ಒತ್ತಿನಲ್ಲಿರುವುದು, ಪಕ್ಕದ್ದು. ರಚನೆಯ ಹಕ್ಕಿಗೆ ಒತ್ತಿಕೊಂಡಿರುವ ಹಕ್ಕು ಎಂಬುದು ಇದರ ಅರ್ಥ. ಕನ್ನಡದಲ್ಲಿ ನೆರೆಹಕ್ಕು ಎನ್ನಬಹುದು. ಗಡಿನಾಡಿನ ಓದುಗರಿಗೆ ಈ ‘ನೆರೆ’ಯ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ: ಒತ್ತಿನಲ್ಲಿದ್ದರೂ ಎರಡು ಜಮೀನುಗಳ ಪಹಣಿ ಬೇರೆ ಬೇರೆ.

ಒಂದು ಹಾಡಿನಲ್ಲಿ ಹೀಗೆ ಎರಡು ಸ್ವತ್ತುಗಳು ಅಡಗಿವೆ. ಪದ ಕಟ್ಟಿದವರು ಮತ್ತು ಸ್ವರ ಸಂಯೋಜಿಸಿದವರು ಪಡೆಯುವುದು ರಚನೆಯ ಹಕ್ಕು. ಹಣ ಹೂಡಿ ಧ್ವನಿಮುದ್ರಣ ಮಾಡಿಸಿದ ನಿರ್ಮಾಪಕರು ಹಾಗೂ ಹಾಡಿದ, ನುಡಿಸಿದ ಕಲಾವಿದರು ಪಡೆಯುವುದು ನೆರೆಹಕ್ಕು. ಎರಡರ ಆದಾಯದ ನಡುವೆ ಎಷ್ಟು ಅಂತರವಿದೆ ಎಂಬುದನ್ನು ಕೊರಿಯಾದ ಅಂತರ್ಜಾಲ ಸಂಗೀತ ಸೇವೆಗಳಿಗೆ 2019ರಿಂದ ಅನ್ವಯವಾದ ಹಂಚಿಕೆಯ ನಿಯಮ ತೋರಿಸುತ್ತದೆ. ಕೇಳುಗರಿಂದ 100 ವೊನ್ ಆದಾಯ ಬಂದರೆ ಸೇವೆ ನಡೆಸುವ ಕಂಪನಿಗೆ 35. ಉಳಿದ 65ರಲ್ಲಿ ಧ್ವನಿಮುದ್ರಣದ ನಿರ್ಮಾಪಕರಿಗೆ 48.25, ರಚನೆಕಾರರಿಗೆ 10.5, ಹಾಡಿ ನುಡಿಸಿದವರಿಗೆ 6.25. ರಚನೆಕಾರರ ಆ ಹತ್ತೂವರೆ ವೊನ್ ಕೂಡ ಒಬ್ಬರ ಕೈಸೇರುವುದಿಲ್ಲ. ಪದ ಬರೆದವರು, ರಾಗ ಹಾಕಿದವರು, ವಾದ್ಯ ವಿನ್ಯಾಸ ಮಾಡಿದವರು ಹಂಚಿಕೊಳ್ಳಬೇಕು. ಹೂಡಿಕೆದಾರರ ಕಣ್ಣು ಮೊದಲು ಧ್ವನಿಮುದ್ರಣದ ಮೇಲೆ ಬೀಳುವುದೇಕೆ ಎಂಬುದು ಈ ಅಂಕಿಗಳಿಂದಲೇ ತಿಳಿಯುತ್ತದೆ. ‘ಹಾಡಿನ ಹಕ್ಕು ಮಾರಿದರು’ ಎಂಬ ಸುದ್ದಿ ಓದಿದಾಗ ಯಾವ ಹಕ್ಕು ಎಂದು ಕೇಳದಿದ್ದರೆ ಏನೂ ತಿಳಿದಂತಾಗದು.

ಆದರೆ ರಚನೆಯ ಹಕ್ಕಿಗೆ ಧ್ವನಿಮುದ್ರಣಕ್ಕಿಲ್ಲದ ಒಂದು ಶಕ್ತಿಯಿದೆ. ಲೀ ಮೂನ್-ಸೆ 1985ರ ತಮ್ಮ ಮೂರನೆಯ ಸಂಪುಟದಲ್ಲಿ ಹಾಡಿದ ‘ಸೋನ್ಯೊ’ ಎಂಬ ಗೀತೆಯನ್ನು ಗಮನಿಸಬಹುದು. ಆ ಪದದ ಅರ್ಥ ಹುಡುಗಿ ಎಂದು. ಪದವನ್ನೂ ರಾಗವನ್ನೂ ರಚಿಸಿದವರು ಲೀ ಯಂಗ್-ಹೂನ್. ಅವರು 2008ರಲ್ಲಿ ತೀರಿಕೊಂಡರು. 2015ರಲ್ಲಿ ‘ರಿಪ್ಲೈ 1988’ ಎಂಬ ದೂರದರ್ಶನ ಧಾರಾವಾಹಿಗಾಗಿ ಓ ಹ್ಯೊಕ್ ಎಂಬ ಯುವಗಾಯಕ ಅದನ್ನು ಹೊಸದಾಗಿ ಹಾಡಿದಾಗ, ಮೂಲಗೀತೆ ಹೊರಬಂದಾಗ ಹುಟ್ಟಿಯೇ ಇರದಿದ್ದ ಪೀಳಿಗೆಯೂ ಅದನ್ನು ಗುನುಗಿತು. ಈ ಹೊಸ ಧ್ವನಿಮುದ್ರಣದ ಆದಾಯದಲ್ಲಿ 1985ರ ಧ್ವನಿಮುದ್ರಣದ ಒಡೆಯರಿಗೆ ಪಾಲಿಲ್ಲ, ಏಕೆಂದರೆ ಇಲ್ಲಿ ಕೇಳಿಸುತ್ತಿರುವುದು ಬೇರೊಂದು ಕಂಠ, ಬೇರೊಂದು ಮುದ್ರಣ. ರಚನೆಯ ಹಕ್ಕುಳ್ಳವರಿಗೆ ಮಾತ್ರ ಎರಡರಿಂದಲೂ ಬರುತ್ತದೆ. ಯಾರು ಎಷ್ಟು ಬಾರಿ ಹೊಸದಾಗಿ ಹಾಡಿದರೂ ಪದ ಮತ್ತು ರಾಗದ ಪಾಲು ತಪ್ಪುವುದಿಲ್ಲ. ಕೊರಿಯಾದಲ್ಲಿ ಈ ಹಕ್ಕು ರಚನೆಕಾರರ ಮರಣಾನಂತರ 70 ವರ್ಷ ಬಾಳುತ್ತದೆ. ಲೀ ಯಂಗ್-ಹೂನ್ ಅವರ ಗೀತೆಗಳ ಮಟ್ಟಿಗೆ 2078ರ ಕೊನೆಯವರೆಗೆ. ಭಾರತದಲ್ಲಿ ಈ ಅವಧಿ 60 ವರ್ಷ.

ಇಂತಹ ದೀರ್ಘಾಯುಷ್ಯದ ಸ್ವತ್ತಿಗೆ ಬೆಲೆ ಕಟ್ಟುವ ಬಗೆ ಜಮೀನಿಗೆ ಬೆಲೆ ಕಟ್ಟುವುದಕ್ಕಿಂತ ಬಹಳ ಭಿನ್ನವೇನಲ್ಲ. ವರ್ಷದ ಫಲವೆಷ್ಟು, ಎಷ್ಟು ವರ್ಷ ಬಂದೀತು ಎಂದು ಲೆಕ್ಕಹಾಕುತ್ತಾರೆ. ಊಹೆಗಾಗಿ, ಒಂದು ಹಾಡು ವರ್ಷಕ್ಕೆ 10 ಲಕ್ಷ ವೊನ್ ತರುತ್ತದೆ ಎನ್ನೋಣ. ಕೊಳ್ಳುವವರು ಹದಿನೈದು ವರ್ಷದ ಫಲವನ್ನು ಮುಂಗಡವಾಗಿ ಕೊಡಲು ಒಪ್ಪಿದರೆ ಬೆಲೆ 1.5 ಕೋಟಿ ವೊನ್. ವಿಚಿತ್ರವೆಂದರೆ, ಈ ಲೆಕ್ಕದಲ್ಲಿ ನಿನ್ನೆ ಬಿಡುಗಡೆಯಾಗಿ ಎಲ್ಲೆಡೆ ಮೊಳಗುತ್ತಿರುವ ಹಾಡಿಗಿಂತ ಇಪ್ಪತ್ತು ವರ್ಷ ಹಳೆಯ ಹಾಡನ್ನು ಹೆಚ್ಚು ನಂಬುತ್ತಾರೆ. ಹೊಸ ಹಾಡಿನ ಆದಾಯ ಮೊದಲ ಕೆಲವು ವರ್ಷಗಳಲ್ಲಿ ಕಡಿದಾಗಿ ಇಳಿಯುತ್ತದೆ. ಆ ಇಳಿಜಾರನ್ನು ದಾಟಿ ಉಳಿದ ಹಾಡಿನ ಆದಾಯ ಬಹುತೇಕ ಸಮತಟ್ಟಾಗಿ ಸಾಗುತ್ತದೆ. ಹಳಗನ್ನಡದ ವಿದ್ಯಾರ್ಥಿಗಳು ಇದನ್ನು ತಮ್ಮ ಕಡೆಯ ಮಾತೆಂದೇ ಭಾವಿಸಬಹುದು.

ಲೆಕ್ಕ ತಪ್ಪುವುದೂ ಉಂಟು. ಬ್ರೇವ್ ಗರ್ಲ್ಸ್ ಎಂಬ ತಂಡದ ‘ರೋಲಿನ್’ 2017ರಲ್ಲಿ ಬಂದಾಗ ಹೆಚ್ಚಿನ ಗಮನ ಸೆಳೆಯಲಿಲ್ಲ. ತಂಡದವರು ಸೈನಿಕ ಶಿಬಿರಗಳಲ್ಲಿ ಹಾಡುತ್ತ ಬಂದರು. ಕಡ್ಡಾಯ ಸೈನ್ಯಸೇವೆಯಲ್ಲಿದ್ದ ತರುಣರಿಗೆ ಮಾತ್ರ ಆ ಹಾಡು ಬಾಯಿಪಾಠವಾಗಿತ್ತು. 2021ರ ಆರಂಭದಲ್ಲಿ ಆ ಕಾರ್ಯಕ್ರಮಗಳ ತುಣುಕುಗಳನ್ನು ಜೋಡಿಸಿದ ಒಂದು ವಿಡಿಯೊ ಯೂಟ್ಯೂಬಿನಲ್ಲಿ ಹರಡಿ, ನಾಲ್ಕು ವರ್ಷದ ಹಿಂದಿನ ಹಾಡು ದೇಶದ ಪಟ್ಟಿಗಳ ತುದಿಗೇರಿತು. ಆಗ ಕೊರಿಯಾದಲ್ಲಿ ಮ್ಯೂಸಿಕೌ ಎಂಬ ಇನ್ನೊಂದು ಸಂಸ್ಥೆ ಹಾಡಿನ ಆದಾಯವನ್ನು ಚೂರು ಚೂರಾಗಿ ಮಾಡಿ ಸಾಮಾನ್ಯ ಜನರಿಗೂ ಮಾರುತ್ತಿತ್ತು. ‘ರೋಲಿನ್’ ಚೂರುಗಳ ಬೆಲೆ ಹಲವು ಪಟ್ಟು ಏರಿತು. ಕೊಂಡವರಲ್ಲಿ ಅನೇಕರು ತಮಗೆ ಹಾಡಿನ ಸ್ವಾಮ್ಯವೇ ಸಿಕ್ಕಿತೆಂದು ನಂಬಿದ್ದರು. ವಾಸ್ತವದಲ್ಲಿ ಅವರ ಕೈಯಲ್ಲಿದ್ದುದು ಆದಾಯದ ಪಾಲನ್ನು ಆ ಸಂಸ್ಥೆಯಿಂದ ಕೇಳುವ ಹಕ್ಕು ಮಾತ್ರ. 2022ರ ಏಪ್ರಿಲಿನಲ್ಲಿ ಕೊರಿಯಾದ ಹಣಕಾಸು ನಿಯಂತ್ರಕರು ಈ ಚೂರುಗಳೂ ಷೇರುಗಳಂತೆ ಹೂಡಿಕೆ ಪತ್ರಗಳೇ ಎಂದು ನಿರ್ಣಯಿಸಿ, ಕೊಂಡವರ ರಕ್ಷಣೆಯ ನಿಯಮಗಳಡಿ ಅವನ್ನು ತಂದರು.

ಬ್ಯಾಂಕಿನ ಬಡ್ಡಿಯೂ ಇಲ್ಲಿ ಕೈಯಾಡಿಸುತ್ತದೆ. ಬಡ್ಡಿ ಏರಿದಾಗ ಹದಿನೈದು ವರ್ಷ ಕಾದು ಫಲ ಪಡೆಯುವ ಉತ್ಸಾಹ ಕುಗ್ಗುತ್ತದೆ. ಲಂಡನ್ನಿನಲ್ಲಿ 2018ರಲ್ಲಿ ಷೇರುಪೇಟೆಗೆ ಬಂದು ಹೆಸರು ಮಾಡಿದ್ದ ಹಿಪ್ನೋಸಿಸ್ ಎಂಬ ಗೀತನಿಧಿ 2024ರಲ್ಲಿ ಬ್ಲ್ಯಾಕ್‌ಸ್ಟೋನ್ ಕಂಪನಿಯ ಪಾಲಾದ ಕಥೆಯ ಹಿಂದೆ ಈ ಕಾರಣವೂ ಇದೆ.

ಹಕ್ಕು ಕೊಂಡ ಸಂಸ್ಥೆ ಸುಮ್ಮನೆ ಕುಳಿತರೆ ಹಾಕಿದ ಹಣ ಹಿಂದಿರುಗದು. ಯಾವ ಹಾಡಿಗೆ ಯಾವ ಸೇವೆಯಿಂದ ಸಲ್ಲಬೇಕಾದ ಹಣ ಸಂದಿಲ್ಲ ಎಂದು ಹುಡುಕುವುದು, ತಪ್ಪಾಗಿ ದಾಖಲಾದ ಹೆಸರುಗಳನ್ನು ಸರಿಪಡಿಸುವುದು, ಹಳೆಯ ಧ್ವನಿ-ದೃಶ್ಯಗಳನ್ನು ಶುದ್ಧಗೊಳಿಸುವುದು, ಧಾರಾವಾಹಿ ಜಾಹೀರಾತುಗಳಿಗೆ ಒದಗಿಸುವುದು, ಹೊಸಬರಿಂದ ಹಾಡಿಸುವುದು: ಇವೆಲ್ಲ ಆ ನಿರ್ವಹಣೆಯ ಭಾಗ. ಇದರಲ್ಲಿ ಪಾಠಸಂಪಾದನೆಯ ನೆರಳಿದೆ ಎಂದರೆ ಉತ್ಪ್ರೇಕ್ಷೆಯಲ್ಲ. ಅಂಕಿತ ಸರಿಯಿಲ್ಲದ ಕೃತಿಯ ಗತಿ ಏನಾಗುತ್ತದೆ ಎಂಬುದನ್ನು ಕೀರ್ತನೆ, ತತ್ವಪದಗಳನ್ನು ಓದಿದವರು ಬಲ್ಲರು. ಯಾರೂ ನೋಡಿಕೊಳ್ಳದೆ ಬಿದ್ದಿದ್ದ ಹಾಡುಗಳಿಗೆ ಇದರಿಂದ ಒಳಿತಾಗಿದೆ ಎಂಬುದನ್ನು ಒಪ್ಪಬೇಕು. ಒಳಿತಿನ ಹಣ ಯಾರಿಗೆ ಸೇರುತ್ತದೆ ಎಂಬುದು ಮಾತ್ರ ಮಾರಾಟದ ದಿನದ ಪತ್ರದಲ್ಲೇ ತೀರ್ಮಾನವಾಗಿರುತ್ತದೆ.

ಆ ಪತ್ರದ ಮಹತ್ವವನ್ನು ಕೊರಿಯನ್ನರಿಗೆ ಮನಗಾಣಿಸಿದ್ದು ಒಂದು ಹಾಡಲ್ಲ, ಮಕ್ಕಳ ಚಿತ್ರಪುಸ್ತಕ. ಮೋಡದಿಂದ ಮಾಡಿದ ರೊಟ್ಟಿ ತಿಂದು ಹಾರುವ ಪುಟ್ಟಬೆಕ್ಕುಗಳ ಕಥೆಯನ್ನು ಬೆಕ್ ಹೀನಾ 2004ರಲ್ಲಿ ಪ್ರಕಟಿಸಿದರು. ಹೊಸ ಲೇಖಕಿಯಾಗಿದ್ದ ಅವರು ಎಲ್ಲ ಹಕ್ಕುಗಳನ್ನೂ ಇಡುಗಂಟಿಗೆ ಬರೆದುಕೊಟ್ಟಿದ್ದರು. ಅದಕ್ಕೆ ಕೊರಿಯನ್ನಿನಲ್ಲಿ ‘ಮೇಜೊಲ್’ ಎನ್ನುತ್ತಾರೆ. ಪುಸ್ತಕ ಲಕ್ಷಗಟ್ಟಲೆ ಮಾರಿ, ಕಾರ್ಟೂನು, ಸಂಗೀತ ನಾಟಕ, ಆಟಿಕೆಗಳಾಗಿ ಬೆಳೆಯಿತು. ಲೇಖಕಿಯ ಕೈಸೇರಿದ್ದು ಸುಮಾರು 1 ಕೋಟಿ 85 ಲಕ್ಷ ವೊನ್ ಎಂದು ವರದಿಗಳು ಹೇಳಿದವು. ರೂಪಾಯಿಗಳಲ್ಲಿ ಕೆಲವೇ ಲಕ್ಷ. 2020ರಲ್ಲಿ ಅವರು ಮಕ್ಕಳ ಸಾಹಿತ್ಯದ ಆಸ್ಟ್ರಿಡ್ ಲಿಂಡ್‌ಗ್ರೆನ್ ಪ್ರಶಸ್ತಿ ಪಡೆದರು. ಅದೇ ವರ್ಷ ಅವರ ಮೊಕದ್ದಮೆ ಕೊರಿಯಾದ ಸರ್ವೋಚ್ಚ ನ್ಯಾಯಾಲಯದಲ್ಲಿ ಸೋತಿತು. ಸಹಿ ಮಾಡಿದ ಪತ್ರ ಪತ್ರವೇ ಎಂದಾಯಿತು.

ಕವಿಗೆ ಸಲ್ಲುವ ಫಲದ ಪ್ರಶ್ನೆ ಕನ್ನಡಕ್ಕೆ ಹೊಸದಲ್ಲ. ಅರಿಕೇಸರಿ ಪಂಪನಿಗೆ ಧರ್ಮವುರವೆಂಬ ಅಗ್ರಹಾರ ಕೊಟ್ಟದ್ದನ್ನು ಇಂದಿನ ತೆಲಂಗಾಣದಲ್ಲಿರುವ, ಪಂಪನ ತಮ್ಮ ಜಿನವಲ್ಲಭನ ಕುರಿಕ್ಯಾಲ ಶಾಸನವೂ ಹೇಳುತ್ತದೆ. ಅದೂ ಒಂದು ಬಗೆಯಲ್ಲಿ ವರ್ಷವರ್ಷ ಫಲ ಕೊಡುವ ಸ್ವತ್ತು. ಆದರೆ ಆ ಫಲ ಬರುತ್ತಿದ್ದುದು ನೆಲದಿಂದ, ಕಾವ್ಯದಿಂದಲ್ಲ; ಕಾವ್ಯವನ್ನು ಸಾವಿರ ಸಲ ವಾಚಿಸಿದರೂ ಆದಾಯ ಒಂದು ಹಣವೂ ಹೆಚ್ಚುತ್ತಿರಲಿಲ್ಲ. ಪ್ರತಿ ಕೇಳ್ಮೆಗೂ ಪಾಲು ಎಂಬ ಕಲ್ಪನೆ ಆಧುನಿಕ ಕಾನೂನಿನದು.

ಇನ್ನು ಮಾರಲಾಗದ್ದು ಏನು? ಕೊರಿಯಾದ ಕಾನೂನು ರಚನೆಕಾರರ ಹಕ್ಕನ್ನು ಎರಡಾಗಿ ಸೀಳಿದೆ. ಆರ್ಥಿಕ ಹಕ್ಕನ್ನು ಯಾರಿಗಾದರೂ ಮಾರಬಹುದು. ಕೃತಿಯನ್ನು ಪ್ರಕಟಿಸಬೇಕೆ ಎಂದು ನಿರ್ಧರಿಸುವ, ಅದರ ಮೇಲೆ ತನ್ನ ಹೆಸರಿರಬೇಕೆನ್ನುವ, ಅದರ ರೂಪವನ್ನು ಕೆಡಿಸಬಾರದೆನ್ನುವ ಹಕ್ಕುಗಳು ರಚನೆಕಾರರ ವ್ಯಕ್ತಿತ್ವಕ್ಕೇ ಅಂಟಿಕೊಂಡಿವೆ. ಇಪ್ಪತ್ತೈದು ಸಾವಿರ ಹಾಡು ಕೊಂಡವರೂ ಅವನ್ನು ಕೊಳ್ಳಲಾರರು. ಭಾರತದ 1957ರ ಕೃತಿಸ್ವಾಮ್ಯ ಕಾಯಿದೆಯ 57ನೆಯ ಕಲಮಿನಲ್ಲೂ ಹೆಸರಿನ ಹಕ್ಕು ಮತ್ತು ವಿರೂಪವನ್ನು ತಡೆಯುವ ಹಕ್ಕು ಮಾರಾಟದ ನಂತರವೂ ಲೇಖಕರಲ್ಲೇ ಉಳಿಯುತ್ತವೆ.

ಹಣದ ವಿಷಯದಲ್ಲಿ ಭಾರತ ಒಂದು ಹೆಜ್ಜೆ ಮುಂದೆ ಹೋಗಿದೆ, ತಡವಾಗಿಯಾದರೂ. 1977ರಲ್ಲಿ ಸರ್ವೋಚ್ಚ ನ್ಯಾಯಾಲಯ ಚಿತ್ರಕ್ಕಾಗಿ ಹಣ ಕೊಟ್ಟು ಬರೆಯಿಸಿದ ಗೀತೆಯ ಮೊದಲ ಒಡೆಯ, ಬೇರೆ ಕರಾರು ಇಲ್ಲದಿದ್ದರೆ, ನಿರ್ಮಾಪಕನೇ ಎಂದು ತೀರ್ಪಿತ್ತಿತ್ತು. ಕನ್ನಡವೂ ಸೇರಿ ಎಲ್ಲ ಭಾಷೆಗಳ ಚಿತ್ರಗೀತಕಾರರು ಮೂರೂವರೆ ದಶಕ ಇಡುಗಂಟಿನಲ್ಲೇ ತೃಪ್ತರಾಗಬೇಕಾಯಿತು. 2012ರ ತಿದ್ದುಪಡಿ ಇದನ್ನು ಬದಲಿಸಿತು. ಚಿತ್ರಮಂದಿರದ ಪ್ರದರ್ಶನದ ಹೊರಗೆ ಗೀತೆ ಬಳಕೆಯಾದಾಗಲೆಲ್ಲ ಪದ ಬರೆದವರಿಗೂ ರಾಗ ಹಾಕಿದವರಿಗೂ ಹಕ್ಕು ಕೊಂಡವರೊಡನೆ ಸಮಪಾಲಿನ ರಾಯಧನ ಸಲ್ಲಬೇಕು. ವಾರಸುದಾರರಿಗೆ ಅಥವಾ ಕೃತಿಸ್ವಾಮ್ಯ ಸಂಘಕ್ಕಲ್ಲದೆ ಬೇರೆಯವರಿಗೆ ಅದನ್ನು ಬಿಟ್ಟುಕೊಡುವ ಕರಾರು ನಿಲ್ಲುವುದಿಲ್ಲ. ಚಿತ್ರದ್ದಲ್ಲದ ಧ್ವನಿಮುದ್ರಣಗಳ ರಚನೆಗೂ ಇಂತಹುದೇ ರಕ್ಷಣೆಯಿದೆ. ಹಕ್ಕಿನ ವರ್ಗಾವಣೆ ಬರಹದಲ್ಲಿರಬೇಕು, ಸಹಿಯಿರಬೇಕು. ಅವಧಿ ನಮೂದಿಸದ ಪತ್ರ ಐದೇ ವರ್ಷಕ್ಕೆ ಸೀಮಿತ. ಪ್ರದೇಶ ನಮೂದಿಸದಿದ್ದರೆ ಭಾರತದೊಳಗೆ ಮಾತ್ರ. ಕಾಸರಗೋಡಿನಲ್ಲೋ ಹೊಸೂರಿನಲ್ಲೋ ಅಕ್ಕಲಕೋಟೆಯಲ್ಲೋ ಕುಳಿತು ಭಾವಗೀತೆಯೊಂದನ್ನು ಬರೆದು ಧ್ವನಿಸುರುಳಿ ಕಂಪನಿಗೋ ಯೂಟ್ಯೂಬ್ ವಾಹಿನಿಗೋ ಕೊಡುವ ವಿದ್ಯಾರ್ಥಿಗೂ ಇದೇ ಕಾನೂನು ಅನ್ವಯಿಸುತ್ತದೆ. ಕೊಡುವ ಮೊದಲು ಆ ಪತ್ರದಲ್ಲಿ ಅವಧಿ, ಪ್ರದೇಶ, ಹೆಸರು ಈ ಮೂರು ಮಾತುಗಳು ಎಲ್ಲಿ, ಹೇಗೆ ಬಂದಿವೆ ಎಂದು ನೋಡಲು ವಕೀಲರೇ ಬೇಕೆಂದಿಲ್ಲ, ಪಠ್ಯವನ್ನು ಎಚ್ಚರದಿಂದ ಓದುವ ಅಭ್ಯಾಸ ಸಾಕು.