ಒಂದೇ ಸಂಗತಿ, ಎರಡು ಹೆಸರು



ನರಗುಂದದ ಗುಡ್ಡ ನೋಡೀರಿ. ಮ್ಯಾಲೆ ಹಳೇ ಕೋಟೆ ಐತಿ. 1858ರಲ್ಲಿ ಇಲ್ಲಿ ಬಾಬಾಸಾಹೇಬ ಎಂಬ ಅರಸ ಇದ್ದ. ಅವನಿಗೆ ಮಗ ಇರಲಿಲ್ಲ. ದತ್ತು ತೆಗೆದುಕೊಳ್ಳಲು ಬ್ರಿಟಿಷರು ಬಿಡಲಿಲ್ಲ. ಅವನು ತಿರುಗಿ ಬಿದ್ದ. ಸುರೇಬಾನದಲ್ಲಿ ಮ್ಯಾನ್ಸನ್ ಎಂಬ ಬ್ರಿಟಿಷ್ ಅಧಿಕಾರಿಯ ಕೊಲೆ ಆಯಿತು. ಬಾಬಾಸಾಹೇಬನನ್ನು ಬೆಳಗಾವಿಯಲ್ಲಿ ಗಲ್ಲಿಗೆ ಹಾಕಿದರು.

ಬ್ರಿಟಿಷರು ಇದನ್ನು ‘ದಂಗೆ’ ಎಂದು ಬರೆದರು. ನಮ್ಮವರು ‘ಸ್ವಾತಂತ್ರ್ಯದ ಹೋರಾಟ’ ಎಂದರು. ‘ಅವ ತನ್ನ ಗಾದಿಗಾಗಿ ಬಡಿದಾಡಿದ’ ಅನ್ನುವವರು ಅದಾರ. ‘ಅಲ್ಲ, ನಾಡಿಗಾಗಿ’ ಅನ್ನುವವರೂ ಅದಾರ. ಇದು ಜಗಳ ಅಲ್ಲ, ವಿಚಾರ. ಬರೆದವರು ಯಾರು ಎಂದು ಮೊದಲು ಕೇಳಬೇಕು.

1980ರ ಜುಲೈ 21ರಂದು ಇದೇ ನರಗುಂದದಲ್ಲಿ ಮತ್ತೆ ಬಂಡಾಯ ಆಯಿತು. ಮಲಪ್ರಭಾ ಕಾಲುವೆಯ ಕರ ಬೇಡ ಎಂದು ರೈತರು ಎದ್ದರು. ಗೋಲಿಬಾರ್ ಆಯಿತು. ಜೀವ ಹೋದವು. ಅದನ್ನು ಕಂಡ ಹೆಣ್ಣುಮಕ್ಕಳು ನಿಮ್ಮ ಓಣಿಯಲ್ಲೇ ಇದ್ದಾರು. ಅವರನ್ನು ಕೇಳಿರಿ. ಅವರು ಹೇಳಿದ್ದನ್ನು ಬರೆದಿಡಿರಿ. ಬರೆಯದ ಮಾತು ಮರೆತು ಹೋಗತೈತಿ.

ಉತ್ತರ ಬರೆಯಿರಿ:
1. ಬ್ರಿಟಿಷರು ‘ದಂಗೆ’ ಎಂದು ಯಾಕೆ ಬರೆದರು?
2. ನೀವು ಯಾವ ಹೆಸರು ಕೊಡುತ್ತೀರಿ? ಯಾಕೆ?